ಅಧ್ಯಾಪಕರ ನೇಮಕಾತಿ ವ್ಯಾಜ್ಯಗಳಲ್ಲಿ ‘ಅರ್ಹತೆ’ಯ ಅರ್ಥನಿರ್ಣಯ

ವಿಶ್ವವಿದ್ಯಾಲಯಗಳ ಅಧ್ಯಾಪಕರ ನೇಮಕಾತಿಯನ್ನು ಕುರಿತ ವ್ಯಾಜ್ಯಗಳು ಆಡಳಿತ ವಿಭಾಗಕ್ಕೆ ಸೇರಿದವು ಎಂಬ ಭಾವನೆ ಸಾಮಾನ್ಯವಾಗಿದೆ. ಆದರೆ ಈ ಕ್ಷೇತ್ರದ ಪ್ರಮುಖ ತೀರ್ಪುಗಳನ್ನು ಗಮನಿಸಿದಾಗ ಅವುಗಳ ಕೇಂದ್ರದಲ್ಲಿ ಪದಾರ್ಥನಿರ್ಣಯದ ಪ್ರಶ್ನೆ ಇರುವುದು ಕಂಡುಬರುತ್ತದೆ. ಅಧಿಸೂಚನೆಯ ಒಂದು ಪದಕ್ಕೆ ಯಾವ ಅರ್ಥ ಸಲ್ಲಬೇಕು, ಅದನ್ನು ನಿರ್ಧರಿಸುವ ಅಧಿಕಾರ ಯಾರದು, ಯಾವ ಕಾಲದ ಅರ್ಥ ಅನ್ವಯಿಸಬೇಕು ಎಂಬ ಮೂರು ಪ್ರಶ್ನೆಗಳನ್ನು ಪ್ರಸ್ತುತ ಲೇಖನದಲ್ಲಿ ಪರಿಶೀಲಿಸಲಾಗಿದೆ.

1. ತಜ್ಞರ ಅಧಿಕಾರ

ಈ ಚರ್ಚೆಗೆ ಮೂಲಾಧಾರವಾದ ತೀರ್ಪು ಕರ್ನಾಟಕಕ್ಕೆ ಸೇರಿದುದು. ಮೈಸೂರು ವಿಶ್ವವಿದ್ಯಾಲಯ ಮತ್ತು ಸಿ. ಡಿ. ಗೋವಿಂದರಾವ್ ನಡುವಣ ಮೊಕದ್ದಮೆಯಲ್ಲಿ ಇಂಗ್ಲಿಷ್ ವಿಭಾಗದ ರೀಡರ್ ಹುದ್ದೆಯ ನೇಮಕಾತಿ ಪ್ರಶ್ನೆಗೆ ಒಳಗಾಗಿತ್ತು. ಪ್ರಥಮ ದರ್ಜೆ ಅಥವಾ ‘ಉನ್ನತ ದ್ವಿತೀಯ ದರ್ಜೆ’ಯ ಸ್ನಾತಕೋತ್ತರ ಪದವಿ, ಇಲ್ಲವೇ ಅದಕ್ಕೆ ಸಮಾನವಾದ ವಿದೇಶೀ ಪದವಿ ಇರಬೇಕೆಂಬುದು ಷರತ್ತು. ‘ಉನ್ನತ’ ಎಂದರೆ ಎಷ್ಟು, ‘ಸಮಾನ’ ಎಂದರೆ ಯಾವುದಕ್ಕೆ ಎಂಬುದೇ ವಿವಾದವಾಯಿತು. ಉಚ್ಚ ನ್ಯಾಯಾಲಯ ನೇಮಕಾತಿಯನ್ನು ರದ್ದುಗೊಳಿಸಿತು. 1963ರಲ್ಲಿ ಸರ್ವೋಚ್ಚ ನ್ಯಾಯಾಲಯ ಆ ಆದೇಶವನ್ನು ತಳ್ಳಿಹಾಕಿ, ಶೈಕ್ಷಣಿಕ ವಿಷಯಗಳ ನಿರ್ಣಯವನ್ನು ಸಾಮಾನ್ಯವಾಗಿ ತಜ್ಞರಿಗೇ ಬಿಡುವುದು ವಿವೇಕದ ಮಾರ್ಗವೆಂದು ಅಭಿಪ್ರಾಯಪಟ್ಟಿತು. ಆದರೆ ಬದ್ಧವಾದ ನಿಯಮದ ಉಲ್ಲಂಘನೆಯಾಗಿದೆಯೇ ಎಂಬ ಪರಿಶೀಲನೆಯನ್ನು ಅದು ನ್ಯಾಯಾಲಯಗಳಿಗೇ ಉಳಿಸಿತು. ಈ ಎರಡನೆಯ ಭಾಗವನ್ನು ಮರೆತು ಮೊದಲ ಭಾಗವನ್ನಷ್ಟೇ ಉಲ್ಲೇಖಿಸುವುದು ಸಮಂಜಸವಲ್ಲ.

2. ‘ಸಂಬಂಧಿತ ವಿಷಯ’

ಸಂಬಲ್ಪುರ ವಿಶ್ವವಿದ್ಯಾಲಯದಲ್ಲಿ ರಾಜ್ಯಶಾಸ್ತ್ರ ಮತ್ತು ಸಾರ್ವಜನಿಕ ಆಡಳಿತ ಎಂಬ ಒಂದೇ ವಿಭಾಗವಿತ್ತು. ಹುದ್ದೆ ರಾಜ್ಯಶಾಸ್ತ್ರದ್ದಾದ್ದರಿಂದ ಸಂಬಂಧಿತ ವಿಷಯವೂ ರಾಜ್ಯಶಾಸ್ತ್ರವೇ ಎಂದು 2001ರಲ್ಲಿ ಸರ್ವೋಚ್ಚ ನ್ಯಾಯಾಲಯ ನಿರ್ಣಯಿಸಿತು. 2008ರಲ್ಲಿ ಹರಿಯಾಣದ ಚೌಧರಿ ದೇವಿಲಾಲ್ ವಿಶ್ವವಿದ್ಯಾಲಯದ ಪ್ರಕರಣದಲ್ಲಾದರೋ ರಾಜ್ಯಶಾಸ್ತ್ರದ ಪದವೀಧರನು ಸಾರ್ವಜನಿಕ ಆಡಳಿತದ ರೀಡರ್ ಹುದ್ದೆಗೆ ಅರ್ಹನೆಂದು ತೀರ್ಪಾಯಿತು. ಎರಡನೆಯ ಪ್ರಕರಣದಲ್ಲಿ ತಜ್ಞರ ಅಭಿಪ್ರಾಯ ಲಭ್ಯವಿದ್ದುದು ನಿರ್ಣಾಯಕವಾಯಿತು. ಅದರಲ್ಲಿ ನ್ಯಾಯಮೂರ್ತಿ ಮಾರ್ಕಂಡೇಯ ಕಾಟ್ಜು ಅವರು ಮೀಮಾಂಸಾ ಶಾಸ್ತ್ರದ ಅರ್ಥನಿರ್ಣಯ ಸೂತ್ರಗಳನ್ನೂ ಆಶ್ರಯಿಸಿದ್ದಾರೆ. ಕಾವ್ಯಮೀಮಾಂಸೆಯ ಪರಿಭಾಷೆಯಲ್ಲಿ ಹೇಳುವುದಾದರೆ ಮೊದಲ ತೀರ್ಪು ಅಭಿಧೆಯನ್ನೂ ಎರಡನೆಯದು ಲಕ್ಷಣೆಯನ್ನೂ ಅವಲಂಬಿಸಿದೆ.

3. ಕಾಲದ ಪ್ರಶ್ನೆ

ವಿಶ್ವವಿದ್ಯಾಲಯ ಧನಸಹಾಯ ಆಯೋಗವು 1991ರ ನಿಯಮಾವಳಿಯಲ್ಲಿ ನೆಟ್ ಪರೀಕ್ಷೆಯನ್ನು ಅಗತ್ಯಗೊಳಿಸಿತು. ಪಿಎಚ್.ಡಿ. ಪಡೆದವರಿಗೆ ದೊರೆಯುತ್ತಿದ್ದ ವಿನಾಯಿತಿಯ ಸ್ವರೂಪ ಮಾತ್ರ ಮತ್ತೆ ಮತ್ತೆ ಬದಲಾಯಿತು. 2009ರ ತಿದ್ದುಪಡಿಯು ಆ ವರ್ಷದ ಪಿಎಚ್.ಡಿ. ನಿಯಮಾವಳಿಗೆ ಅನುಗುಣವಾದ ಪದವಿಗಳಿಗೆ ಮಾತ್ರ ವಿನಾಯಿತಿಯನ್ನು ಸೀಮಿತಗೊಳಿಸಿತು. ಆಗ ಜಾರಿಯಲ್ಲಿದ್ದ ನಿಯಮವನ್ನು ನಂಬಿ ಅದಕ್ಕೂ ಮೊದಲು ಸಂಶೋಧನೆ ಕೈಗೊಂಡಿದ್ದವರು ಇದರಿಂದ ಅನರ್ಹರಾದರು. ಪಿ. ಸುಶೀಲಾ ಪ್ರಕರಣದಲ್ಲಿ (2015) ಸರ್ವೋಚ್ಚ ನ್ಯಾಯಾಲಯ ಈ ಮಿತಿಯನ್ನು ಎತ್ತಿಹಿಡಿಯಿತು. ನೇಮಕಗೊಳ್ಳದ ಅಭ್ಯರ್ಥಿಗೆ ಹಿಂದಿನ ಅರ್ಹತಾ ನಿಯಮದ ಮೇಲೆ ಸ್ಥಾಪಿತ ಹಕ್ಕು ಇರುವುದಿಲ್ಲವೆಂಬುದು ಅದರ ತಾತ್ಪರ್ಯ. 2016ರ ತಿದ್ದುಪಡಿಯು 2009ರ ಜುಲೈ 11ಕ್ಕೆ ಮುನ್ನ ನೋಂದಾಯಿಸಿಕೊಂಡವರಿಗೆ ಕೆಲವು ಷರತ್ತುಗಳೊಡನೆ ಪರಿಹಾರ ನೀಡಿತು. ಅಷ್ಟರಲ್ಲಿ ಏಳು ವರ್ಷಗಳು ಕಳೆದಿದ್ದವು.

4. ಸಮಾರೋಪ

ಮೇಲಿನ ಪ್ರಕರಣಗಳಿಂದ ಕನ್ನಡ ವಿಭಾಗಗಳು ಗ್ರಹಿಸಬೇಕಾದ ಅಂಶವೊಂದಿದೆ. ನೆಟ್ ಪರೀಕ್ಷೆಯಲ್ಲಿ ಕನ್ನಡ, ಜಾನಪದ ಸಾಹಿತ್ಯ, ಭಾಷಾವಿಜ್ಞಾನಗಳು ಪ್ರತ್ಯೇಕ ವಿಷಯಗಳು. ಆದರೆ ಕನ್ನಡ ಎಂ.ಎ. ಪಠ್ಯದಲ್ಲಿ ಇವು ಪರಸ್ಪರ ಬೆರೆತಿವೆ. ಜಾನಪದದಲ್ಲಿ ಎಂ.ಎ. ಪಡೆದು ಕನ್ನಡ ಜನಪದ ಮಹಾಕಾವ್ಯಗಳ ಮೇಲೆ ಮಹಾಪ್ರಬಂಧ ರಚಿಸಿದವರಿಗೆ ಕನ್ನಡ ‘ಸಂಬಂಧಿತ ವಿಷಯ’ವೇ? ಅಧಿಸೂಚನೆ ಈ ಬಗ್ಗೆ ಮೌನವಾಗಿದ್ದರೆ ಸಂದರ್ಶನದ ದಿನ ಆಯ್ಕೆ ಸಮಿತಿ ಕೊಡುವ ಉದಾರ ಅರ್ಥವೂ ಅನ್ಯಾಯವಾಗಬಹುದು. ಅಧಿಸೂಚನೆಯನ್ನು ವಾಚ್ಯಾರ್ಥದಲ್ಲಿಯೇ ಓದಿ ಅರ್ಜಿ ಹಾಕದೆ ಉಳಿದವರು ಆಗ ವಂಚಿತರಾಗುತ್ತಾರೆ. ವಸತಿ ಶಾಲೆಯ ಶಿಕ್ಷಕ ಹುದ್ದೆಯೊಂದನ್ನು ಕುರಿತ ವಿಜಯನಗರಂ ಜಿಲ್ಲಾಧಿಕಾರಿ ಪ್ರಕರಣದಲ್ಲಿ (1990) ಸರ್ವೋಚ್ಚ ನ್ಯಾಯಾಲಯ ಇಂತಹವರ ಹಿತವನ್ನೇ ಎತ್ತಿ ಹೇಳಿದೆ.

ಆದಕಾರಣ ಅಧ್ಯಯನ ಮಂಡಳಿಗಳು ಸಮಾನ ಪದವಿಗಳ ಪಟ್ಟಿಯನ್ನು ಅಧಿಸೂಚನೆಗೆ ಮುನ್ನವೇ ಸಕಾರಣವಾಗಿ ನಿರ್ಣಯಿಸಿ ಪ್ರಕಟಿಸುವುದು ಅವಶ್ಯಕ. ಪದಗಳ ಅರ್ಥವ್ಯಾಪ್ತಿಯನ್ನು ನಿಷ್ಕರ್ಷಿಸುವುದು ಭಾಷಾ ವಿಭಾಗಗಳ ನಿತ್ಯದ ಕಾಯಕ. ತಮ್ಮದೇ ಹುದ್ದೆಗಳ ವಿಷಯದಲ್ಲಿ ಅದನ್ನು ನ್ಯಾಯಾಲಯಗಳಿಗೆ ಬಿಟ್ಟುಕೊಡುವುದು ಉಚಿತವೆನಿಸದು.