ಕ್ಯಾಮೆರಾವನ್ನು ಅಮ್ಮನ ಕಡೆಗೆ ತಿರುಗಿಸು

ಸಂತೆಕಟ್ಟೆ

ಪ್ರೀತಿಯ ಮಗಳೇ,

ನಿನ್ನ ಮೊದಲ ಚಿತ್ರದ ಟಿಪ್ಪಣಿಯನ್ನು ಎರಡು ಸಲ ಓದಿದೆ. ‘ನಾನು ಯಾರು’ ಎಂದು ಕೇಳುತ್ತಾ ಕನ್ನಡಿಯಲ್ಲಿ ಕಾಣುವ ನಿನ್ನ ಮುಖವನ್ನೇ ಹದಿನೈದು ನಿಮಿಷ ಚಿತ್ರೀಕರಿಸಬೇಕೆಂದಿದ್ದೀಯ. ಪ್ರಶ್ನೆ ನಿಜವಾದದ್ದು, ಬಿಡಬೇಡ. ಕ್ಯಾಮೆರಾವನ್ನು ಮಾತ್ರ ಸ್ವಲ್ಪ ತಿರುಗಿಸು ಎನ್ನಲು ಈ ಪತ್ರ. ನಿನ್ನ ಹಾಗೆ ಹೊರಟ ಬೇರೆ ಮಕ್ಕಳೂ ಇದನ್ನು ಓದಲಿ.

ಉತ್ತರ ಕನ್ನಡದ ನಿರ್ದೇಶಕ ನಟೇಶ್ ಹೆಗಡೆ ತಮ್ಮ ‘ಪೆಡ್ರೊ’ ಚಿತ್ರದ ಮುಖ್ಯ ಪಾತ್ರಕ್ಕೆ ತಂದೆ ಗೋಪಾಲ ಹೆಗಡೆಯವರನ್ನೇ ನಿಲ್ಲಿಸಿದರು. ಪೆಡ್ರೊ ಹಳ್ಳಿಯ ಎಲೆಕ್ಟ್ರಿಷಿಯನ್. ಅವನ ಕೈಯಿಂದ ಅಕಸ್ಮಾತ್ತಾಗಿ ಒಂದು ದನ ಸಾಯುತ್ತದೆ; ಊರೇ ಅವನಿಗೆ ಎದುರಾಗುತ್ತದೆ. ಹೆತ್ತ ಅಪ್ಪನನ್ನು ಊರಿಗೆ ಬೇಡವಾದವನ ಜಾಗದಲ್ಲಿಟ್ಟು ನೋಡಲು ಮಗನಿಗೆ ಎಷ್ಟು ಎದೆಗಾರಿಕೆ ಬೇಕು! ನಮ್ಮ ಕುಂದಾಪುರ ಕಡೆಯ ರಿಷಬ್ ಶೆಟ್ಟಿ ನಿರ್ಮಿಸಿದ ಆ ಚಿತ್ರ 2021ರಲ್ಲಿ ಬುಸಾನ್ ಚಿತ್ರೋತ್ಸವಕ್ಕೆ ಹೋಯಿತು. ನಟೇಶ್ ಅವರದೇ ‘ವಾಘಾಚಿಪಾಣಿ’ 2025ರಲ್ಲಿ ಬರ್ಲಿನ್ ಚಿತ್ರೋತ್ಸವ ತಲುಪಿತು.

ಆ ಮಗ ಅಪ್ಪನನ್ನು ನೋಡಿದ ಹಾಗೆ, ನಿನ್ನ ಅಮ್ಮ ಸಂಜೆ ಜಗಲಿಯಲ್ಲಿ ಕೂತು ಮಲ್ಲಿಗೆ ಕಟ್ಟುವುದನ್ನು ನೀನು ಸರಿಯಾಗಿ ನೋಡಿದ್ದೀಯಾ? ಬಾಳೆನಾರನ್ನು ಒದ್ದೆ ಮಾಡಿ, ಮೊಗ್ಗು ಜೋಡಿಸಿ, ಬೆರಳು ತಿರುವಿ ಗಂಟು. ಸುಮಾರು 800 ಮೊಗ್ಗಿಗೆ ಒಂದು ಚೆಂಡು, ನಾಲ್ಕು ಚೆಂಡಿಗೆ ಒಂದು ಅಟ್ಟೆ. ಕೈ ನಿಲ್ಲುವುದಿಲ್ಲ, ಬಾಯಿಯೂ ನಿಲ್ಲುವುದಿಲ್ಲ. ನನ್ನೊಡನೆ ತುಳು, ಬೇಲಿಯಾಚೆಯ ಬಾಯಮ್ಮನ ಹತ್ತಿರ ಕೊಂಕಣಿ, ಫೋನಿನಲ್ಲಿ ನಿನ್ನ ಹತ್ತಿರ ಕನ್ನಡ. ನಿನ್ನೊಡನೆ ಮಾತಾಡುವಾಗ ಮಾತ್ರ ಅವಳ ದನಿ ತುಸು ಹುಷಾರಾಗುತ್ತದೆ, ಓದಿದ ಮಗಳ ಎದುರು ತಪ್ಪಬಾರದೆಂದು. ಆ ಹುಷಾರು ಎಲ್ಲಿಂದ ಬಂತು? ನಿನ್ನ ಚಿತ್ರ ಅಲ್ಲಿಂದ ಶುರುವಾಗಲಿ.

ಸ್ಟ್ಯಾಂಡ್ ಹಾಕಿ ಕ್ಯಾಮೆರಾ ಅಲುಗದಂತೆ ಇಡು. ಒಂದು ಚೆಂಡು ಮುಗಿಯುವವರೆಗೆ ಕತ್ತರಿಸಬೇಡ. ಹೆದ್ದಾರಿಯ ಲಾರಿ ಸದ್ದು ಬಂದರೆ ಬರಲಿ, ನಮ್ಮ ಮನೆ ಇರುವುದೇ ಆ ಸದ್ದಿನಲ್ಲಿ. ಹಿನ್ನೆಲೆ ಸಂಗೀತ ಬೇಡ. ಮೊದಲು ಅವಳನ್ನು ಕೇಳು, ಮುಗಿದ ಮೇಲೆ ಎಲ್ಲರಿಗಿಂತ ಮೊದಲು ಅವಳಿಗೇ ತೋರಿಸು. ‘ಇದು ಬೇಡ’ ಎಂದರೆ, ಎಷ್ಟೇ ಚೆಂದ ಬಂದಿದ್ದರೂ ತೆಗೆದುಬಿಡು.

ಮಳೆ ಹಿಡಿದರೆ ಮೊಗ್ಗು ಕಡಿಮೆ. ಅದಕ್ಕೆ ಮೊದಲೇ ಊರಿಗೆ ಬಾ.

ಇತಿ ನಿನ್ನ
ದೊಡ್ಡಮ್ಮ