ಪಾತ್ರ ಮತ್ತು ಪಾತ್ರಧಾರಿ: ಒಬ್ಬ ಚೀನೀ ನಟಿಯ ಉದಾಹರಣೆ

ನಟನಿಗೆ ‘ಪಾತ್ರ’ ಎಂಬ ಹೆಸರು ಯಾಕೆ ಬಂತು? ಅಲಂಕಾರಶಾಸ್ತ್ರ ಓದುವವರಿಗೆ ಅಭಿನವಗುಪ್ತನ ಉತ್ತರ ಗೊತ್ತಿದೆ. ಪಾತ್ರೆ ತನ್ನೊಳಗಿನ ಪಾನಕದ ರುಚಿ ನೋಡುವುದಿಲ್ಲ, ರುಚಿಯೇನಿದ್ದರೂ ಕುಡಿದವನಿಗೆ. ನಟನೂ ಹಾಗೆಯೇ, ರಸಾಸ್ವಾದಕ್ಕೆ ಸಾಧನ ಮಾತ್ರ. ಈ ಮಾತನ್ನು ಷಾಂಗ್‌ಗ್ವಾನ್ ಯುನ್‌ಝು ಎಂಬ ಚೀನೀ ನಟಿಯ ಬಾಳಿನ ಎದುರು ಇಟ್ಟು ನೋಡಬೇಕೆಂಬುದು ನನ್ನ ಉದ್ದೇಶ.

ಆಕೆ ಹುಟ್ಟಿದ್ದು 1920ರಲ್ಲಿ, ಜಿಯಾಂಗ್ಸು ಪ್ರಾಂತದಲ್ಲಿ. ಜಪಾನಿನ ದಾಳಿಯ ಕಾಲಕ್ಕೆ ಷಾಂಘೈ ಸೇರಿ, ಒಂದು ಫೋಟೋ ಸ್ಟುಡಿಯೋದಲ್ಲಿ ಕೆಲಸಕ್ಕಿದ್ದು, ನಾಟಕ ಸಿನಿಮಾಗಳಿಗೆ ಬಂದರು. ಹೆಸರು ತಂದುಕೊಟ್ಟದ್ದು 1947ರ ‘ವಸಂತದ ನದಿ ಪೂರ್ವಕ್ಕೆ ಹರಿಯುತ್ತದೆ’. ಗಂಡನಿಂದ ದೂರವಾಗಿ ಬವಣೆಪಡುವ ನಾಯಕಿಯಾಗಿ ಬಾಯ್ ಯಾಂಗ್ ನಟಿಸಿದರೆ, ಷಾಂಗ್‌ಗ್ವಾನ್ ಅವರದು ಥಳುಕಿನ ಷಾಂಘೈ ಹೆಂಗಸಿನ ಪಾತ್ರ. ‘ಕಾಗೆಗಳು ಮತ್ತು ಗುಬ್ಬಿಗಳು’ ಚಿತ್ರದಲ್ಲಿ ಬಡ ಮೇಷ್ಟರ ಹೆಂಡತಿ. ಈ ಚಿತ್ರದ ಕತೆಯೂ ಸ್ವಾರಸ್ಯದ್ದೇ ನೋಡಿ: ಕೌಮಿಂಟಾಂಗ್ ಸರ್ಕಾರದ ಕಾಲದಲ್ಲಿ ಚಿತ್ರೀಕರಣ ಶುರುವಾಗಿ, ಸೆನ್ಸಾರಿನವರಿಂದ ನಿಂತುಹೋಗಿ, 1949ರಲ್ಲಿ ಕಮ್ಯುನಿಸ್ಟರು ಷಾಂಘೈಗೆ ಬಂದ ಮೇಲೆ ಮುಗಿಯಿತು. ಒಂದೇ ಸಿನಿಮಾಕ್ಕೆ ಎರಡು ಸರ್ಕಾರ!

ಹೊಸ ಸರ್ಕಾರಕ್ಕೆ ಬೇಕಾದದ್ದು ರೈತ, ಕಾರ್ಮಿಕ, ಸೈನಿಕರ ಪಾತ್ರಗಳು. ಷಾಂಘೈ ಶ್ರೀಮಂತೆಯ ಪಾತ್ರಕ್ಕೆ ಹೆಸರಾದ ನಟಿ ಏನು ಮಾಡಬೇಕು? 1955ರ ‘ದಕ್ಷಿಣ ದ್ವೀಪದ ಬಿರುಗಾಳಿ’ಯಲ್ಲಿ ಹೈನಾನ್ ಗೆರಿಲ್ಲಾಗಳ ಜೊತೆಯ ದಾದಿಯಾಗಿ ಆಕೆ ನಟಿಸಿದರು. ಪಾತ್ರೆ ಅದೇ, ಪಾನಕ ಬೇರೆ. ಇಲ್ಲಿಯವರೆಗೆ ಶಾಸ್ತ್ರ ಸರಿಯಾಗಿಯೇ ಇದೆ.

ಮುಂದಿನದು ಕಷ್ಟದ ಭಾಗ. 1963ರ ‘ಫೆಬ್ರವರಿಯ ಮುಂಗಡ ವಸಂತ’ದಲ್ಲಿ ಆಕೆ ಬಡ ವಿಧವೆ, 1964ರ ‘ರಂಗಭೂಮಿಯ ಸೋದರಿಯರು’ ಚಿತ್ರದಲ್ಲಿ ಕಾಲ ಮುಗಿದ ಹಳೆಯ ನಾಟಕ ನಟಿ. ಎರಡು ಪಾತ್ರಗಳೂ ಆತ್ಮಹತ್ಯೆಯಲ್ಲಿ ಕೊನೆಗಾಣುತ್ತವೆ. ಎರಡು ಚಿತ್ರಗಳನ್ನೂ ‘ಬೂರ್ಜ್ವಾ’ ಎಂದು ಖಂಡಿಸಲಾಯಿತು. 1966ರಲ್ಲಿ ಸಾಂಸ್ಕೃತಿಕ ಕ್ರಾಂತಿ ಬಂತು. ಕಾಯಿಲೆಯಲ್ಲಿದ್ದ ನಟಿಯನ್ನು ವಿಚಾರಣೆಯ ಮೇಲೆ ವಿಚಾರಣೆಗೆ ಎಳೆದರು. 1968ರ ನವೆಂಬರಿನಲ್ಲಿ ಆಕೆ ತಾವಾಗಿಯೇ ಪ್ರಾಣ ಬಿಟ್ಟರು. ‘ಕಾಗೆಗಳು ಮತ್ತು ಗುಬ್ಬಿಗಳು’ ತೆಗೆದ ನಿರ್ದೇಶಕ ಝೆಂಗ್ ಜುನ್‌ಲಿ 1969ರಲ್ಲಿ ಸೆರೆಯಲ್ಲಿ ತೀರಿಕೊಂಡರು. 1978ರಲ್ಲಿ ಆಕೆ ನಿರ್ದೋಷಿ ಎಂದು ಸಾರಲಾಯಿತು. ಆಗ ಹತ್ತು ವರ್ಷ ಕಳೆದಿತ್ತು.

ಪಾತ್ರಕ್ಕೂ ಬಾಳಿಗೂ ಹೋಲಿಕೆ ಕಂಡು ‘ವಿಧಿ’ ಅಂತ ಸುಮ್ಮನಾಗೋದು ಸುಲಭ. ನಾನು ಅದನ್ನು ಒಪ್ಪೋದಿಲ್ಲ. ಪಾತ್ರದಲ್ಲಿ ಆದದ್ದು ಲೇಖಕನ ಆಯ್ಕೆ. ಬಾಳಿನಲ್ಲಿ ಆದದ್ದು ಮನುಷ್ಯರು ಮಾಡಿದ ಅನ್ಯಾಯ. ಹಾಗಾದರೆ ಅಭಿನವಗುಪ್ತ ತಪ್ಪೇ? ಅಲ್ಲ. ನಟ ಬೇರೆ, ಪಾತ್ರ ಬೇರೆ ಎಂಬ ಅವನ ವಿವೇಕವನ್ನೇ ಆ ಕಾಲ ಕಳೆದುಕೊಂಡಿತ್ತು. ಪಾನಕ ರುಚಿಸಲಿಲ್ಲವೆಂದು ಪಾತ್ರೆಯನ್ನು ಒಡೆದರು. ಸಿನಿಮಾದ ಖಳನಾಯಕನನ್ನು ಬೀದಿಯಲ್ಲಿ ಕಂಡರೆ ಬೈಯುವ ಪ್ರೇಕ್ಷಕ ನಮ್ಮಲ್ಲೂ ಇದ್ದಾನೆ. ಅವನ ಕೈಗೆ ಅಧಿಕಾರ ಕೊಟ್ಟರೆ ಏನಾದೀತು ಅನ್ನೋದನ್ನ ಮಿತ್ರರು ಯೋಚಿಸಬೇಕು. ರಸವಿಚಾರ ಪರೀಕ್ಷೆಯ ಐದು ಅಂಕಕ್ಕೆ ಮಾತ್ರ ಇರುವ ವಿಷಯವಲ್ಲ.