ಡಿ.ವಿ.ಜಿ.: ಕೋಲಾರ ಸೀಮೆಯ ಪತ್ರಕರ್ತ, ಸಾಹಿತಿ

ದೇವನಹಳ್ಳಿ ವೆಂಕಟರಮಣಯ್ಯ ಗುಂಡಪ್ಪ (1887–1975) ಚಿನ್ನದ ಗಣಿಗಳ ಕೋಲಾರ ಜಿಲ್ಲೆಯ ಮುಳಬಾಗಿಲಿನಲ್ಲಿ ಜನಿಸಿದರು. ಓದು ಮೆಟ್ರಿಕ್‌ಗೇ ನಿಂತಿತು. ಸೋಡಾ ಕಾರ್ಖಾನೆಯಲ್ಲಿ ದುಡಿದು, ಬೆಂಗಳೂರಿಗೆ ಬಂದು ಜಟಕಾ ಬಂಡಿಗಳಿಗೆ ಬಣ್ಣ ಬಳಿದ ಕೈಯೇ ಮುಂದೆ ಲೇಖನಿ ಹಿಡಿಯಿತು. 1913ರಲ್ಲಿ ‘ಕರ್ನಾಟಕ’ ಎಂಬ ಇಂಗ್ಲಿಷ್ ಪತ್ರಿಕೆ ಆರಂಭಿಸಿದರು. ಹೆಸರು ಕನ್ನಡದ್ದು, ಭಾಷೆ ಇಂಗ್ಲಿಷ್. ರಾಜಕೀಯದಲ್ಲಿ ಗೋಪಾಲಕೃಷ್ಣ ಗೋಖಲೆಯವರೇ ಅವರ ಆದರ್ಶ. ಮೈಸೂರು ಶಾಸನ ಪರಿಷತ್ತಿನ ಸದಸ್ಯರಾಗಿದ್ದ ಅವರು ಆಳುವವರ ಮುಲಾಜಿಗೆ ಬೀಳದೆ ಜವಾಬ್ದಾರಿ ಸರ್ಕಾರಕ್ಕಾಗಿ ವಾದಿಸಿದರು. 1932ರ ಮಡಿಕೇರಿ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರು. ಅವರ ಕಾವ್ಯ ‘ಮಂಕುತಿಮ್ಮನ ಕಗ್ಗ’ (1943) ಮನೆಮನೆಗೂ ತಲುಪಿತು. 1945ರಲ್ಲಿ ಗೋಖಲೆ ಸಾರ್ವಜನಿಕ ವಿಚಾರ ಸಂಸ್ಥೆ ಸ್ಥಾಪಿಸಿದರು. ಸನ್ಮಾನದಲ್ಲಿ ಬಂದ 1 ಲಕ್ಷ ರೂಪಾಯಿಯನ್ನೂ ಅದಕ್ಕೇ ಒಪ್ಪಿಸಿದರು. 1974ರಲ್ಲಿ ಪದ್ಮಭೂಷಣ ಸಂದಿತು.